ದಿನಕ್ಕೊಂದು ಗದ್ದೆ ಬದು: ಮುಳುಗಡೆಯ ಪುಸ್ತಕ ಬರೆದ ನನ್ನ ಅನುಭವ

ನಮ್ಮ ಮನೆತನದ ಪುಸ್ತಕದ ಮೊದಲ ಅಧ್ಯಾಯವನ್ನು ಮೂರು ಸಲ ಬರೆದೆ. ಮೊದಲ ಸಲ ಬರೆದದ್ದು ಹೀಗೆ: ನಡುರಾತ್ರಿ, ಜೋರು ಮಳೆ, ಶರಾವತಿ ಅಂಗಳಕ್ಕೆ ನುಗ್ಗುತ್ತದೆ, ಅಜ್ಜಿ ಮಗುವನ್ನು ಎತ್ತಿಕೊಂಡು ಗುಡ್ಡದ ಕಡೆ ಓಡುತ್ತಾಳೆ. ಗೆಳೆಯರು ಓದಿ, ಚೆನ್ನಾಗಿದೆ ಅಂದರು. ಆಮೇಲೆ ಅಜ್ಜಿಗೆ ಓದಿ ಹೇಳಿದೆ. ಅಡಿಕೆ ಸುಲಿಯುತ್ತಿದ್ದವಳು ಕೈ ನಿಲ್ಲಿಸಿ, "ಯಾರ ಮನೆ ಕಥೆ ಇದು?" ಅಂದಳು.

"ನೀರು ನುಗ್ಲಿಲ್ಲ ಕಣಾ ತಮ್ಮಾ. ಏರ್ತಾ ಬಂತು. ಬೆಳಿಗ್ಗೆ ಎದ್ದು ನೋಡಿದ್ರೆ ನಿನ್ನೆ ಇದ್ದ ಬದು ಇವತ್ತು ಇಲ್ಲ. ನಾವು ಊಟ ಮಾಡ್ತಿದ್ವಿ, ಹಾಲು ಕರೀತಿದ್ವಿ, ಅದು ಏರ್ತಿತ್ತು."

ಆ ಹಾಳೆಗಳನ್ನು ಅವತ್ತೇ ಹರಿದು ಹಾಕಿದೆ. ನಾನು ಬರೆದದ್ದು ಎಲ್ಲೋ ನೋಡಿದ ಪ್ರವಾಹ. ಅವಳು ಹೇಳಿದ್ದು ಅಣೆಕಟ್ಟಿನ ಹಿನ್ನೀರಿನ ಮುಳುಗಡೆ. ಎರಡೂ ಬೇರೆ ಬೇರೆ. ಪ್ರವಾಹ ಬಂದು ಹೋಗುತ್ತದೆ, ಗದ್ದೆ ಉಳಿಯುತ್ತದೆ. ಮುಳುಗಡೆಯಲ್ಲಿ ಎಲ್ಲ ಮೊದಲೇ ಗೊತ್ತಿರುತ್ತದೆ, ಗೊತ್ತಿದ್ದೂ ಕಾಯಬೇಕು.

ನಮ್ಮದು ಸಾಗರ ತಾಲೂಕು, ಕರೂರು ಹೋಬಳಿ ಕಡೆ. ಶರಾವತಿಗೆ ಕಟ್ಟಿದ ಲಿಂಗನಮಕ್ಕಿ ಅಣೆಕಟ್ಟು ಮುಗಿದದ್ದು 1964ರಲ್ಲಿ. ಅದಕ್ಕೂ ಮೊದಲು ಮಡೆನೂರಿನಲ್ಲಿ ಹಿರೇಭಾಸ್ಕರ ಅಣೆಕಟ್ಟು ಇತ್ತು. ಲಿಂಗನಮಕ್ಕಿಯ ನೀರಲ್ಲಿ ಆ ಅಣೆಕಟ್ಟೂ ಮುಳುಗಿತು. ಬೇಸಿಗೆಯಲ್ಲಿ ನೀರು ತೀರಾ ಇಳಿದರೆ ಈಗಲೂ ಅದು ಮೇಲೆ ಕಾಣುತ್ತದೆ. ಪ್ರತಿ ಮಳೆಗಾಲ ಪೇಪರಿನಲ್ಲಿ ಲಿಂಗನಮಕ್ಕಿಯ ಗರಿಷ್ಠ ಮಟ್ಟ 1819 ಅಡಿ ಅಂತ ಬರುತ್ತದಲ್ವಾ, ನಮ್ಮ ಮನೆಯಲ್ಲಿ ಅದನ್ನು ಯಾರೂ ಸುಮ್ನೆ ಓದುವುದಿಲ್ಲ. ನಮ್ಮ ಹಳೇ ಮನೆಯ ಮಾಡಿನ ಮೇಲೂ ಆ ನೀರಿದೆ.

2018ರ ಬೇಸಿಗೆಯಲ್ಲಿ ಕೂತು ಕೇಳಲು ಶುರು ಮಾಡಿದೆ. ಮೊದಮೊದಲು ತಪ್ಪು ಪ್ರಶ್ನೆ ಕೇಳುತ್ತಿದ್ದೆ. "ಆಗ ನಿಂಗೆ ಹೇಗನಿಸ್ತು ಅಜ್ಜಿ?" ಅಂದರೆ, "ಹೇಗೆ ಅನ್ಸದು, ಬೇಜಾರು" ಅಂತ ಎರಡು ಮಾತಿಗೆ ಮುಗಿಯುತ್ತಿತ್ತು. ಒಂದು ದಿನ, "ಲಾರಿಗೆ ಮೊದಲು ಏನು ಹಾಕಿದ್ರಿ?" ಅಂತ ಕೇಳಿದೆ. ಮಾತು ಎರಡು ಗಂಟೆ ನಿಲ್ಲಲಿಲ್ಲ. ಹಂಚು ಇಳಿಸಿ ಜೋಡಿಸಿದ್ದು. ಬಾಗಿಲುವಾಡ ಕಿತ್ತದ್ದು. ಭತ್ತದ ಬೀಜದ ಮೂಟೆ. ಒನಕೆ ಹೋಯಿತು, ಒರಳು ಉಳಿಯಿತು. ನೆಲಕ್ಕೆ ಹೂತ ಕಲ್ಲು, ನಾಲ್ಕು ಜನ ಅಲ್ಲಾಡಿಸಿದರೂ ಏಳಲಿಲ್ಲವಂತೆ. ಎಮ್ಮೆ ಲಾರಿ ಹತ್ತಲೇ ಇಲ್ಲ, ನಡೆಸಿಕೊಂಡೇ ಹೋಗಬೇಕಾಯಿತು. ಕೊನೆಗೆ ಗೋಡೆಯ ವಿಷಯ ಬಂತು. ನಾವು ದೀವರು, ಮದುವೆ ಮನೆಯ ಗೋಡೆಗೆ ಹಸೆ ಚಿತ್ತಾರ ಬರೆಯುತ್ತೇವೆ. ಅಜ್ಜಿಯ ಮದುವೆಗೆ ಕೆಮ್ಮಣ್ಣು ಬಳಿದು, ಅಕ್ಕಿ ಹಿಟ್ಟಲ್ಲಿ ಪುಂಡಿ ನಾರಿನ ಕುಂಚದಿಂದ ಬರೆದ ಚಿತ್ತಾರ ಆ ಗೋಡೆಯ ಮೇಲಿತ್ತು. "ಗೋಡೆ ತಗೊಂಡು ಹೋಗಕ್ಕಾಗತ್ತಾ?" ಅಂದಳು, ಅಷ್ಟೇ. ಅದಕ್ಕೆ ಮುಂದೆ ನಾನೂ ಏನೂ ಸೇರಿಸಲಿಲ್ಲ. ಪುಸ್ತಕದಲ್ಲೂ ಆ ಸಾಲು ಹಾಗೇ ಇದೆ.

ಇಷ್ಟಾಗಿಯೂ ನನ್ನ ಕೈಲಿದ್ದದ್ದು ಬರೀ ದುಃಖದ ಪುಸ್ತಕ. ಅದನ್ನು ಬದಲಾಯಿಸಿದವರು ಅಜ್ಜನ ತಮ್ಮ, ನಮ್ಮ ಚಿಕ್ಕಜ್ಜ. ಅಣ್ಣ ಗದ್ದೆ ಕಳೆದುಕೊಂಡ ಅದೇ ಅಣೆಕಟ್ಟಿನ ಕೆಲಸಕ್ಕೆ ತಮ್ಮ ಹೋಗಿದ್ದರು. ದಿನಗೂಲಿ, ಕಲ್ಲು ಹೊರುವುದು. ಅವರನ್ನು ಮಾತಾಡಿಸಲು ನನಗೆ ಅಂಜಿಕೆ ಇತ್ತು. ಪಶ್ಚಾತ್ತಾಪ ಇರಬಹುದು ಅಂತ ನಾನೇ ಅಂದುಕೊಂಡಿದ್ದೆ. ಅವರು ಎದೆ ಮುಂದೆ ಮಾಡಿ ಕೂತು ಮಾತಾಡಿದರು. "ನಾ ಹೊತ್ತ ಕಲ್ಲು ಇನ್ನೂ ಅಲ್ಲೇ ಕೂತಿದೆ. ಬೆಂಗಳೂರಲ್ಲಿ ನೀನು ಸ್ವಿಚ್ ಹಾಕಿದ್ರೆ ಅದ್ರಲ್ಲಿ ನಂದೂ ಒಂದು ಬುಟ್ಟಿ ಕಲ್ಲಿದೆ" ಅಂದರು. ಶರಾವತಿ ವಿದ್ಯುದಾಗಾರದ 10 ಯಂತ್ರಗಳಿಂದ 1035 ಮೆಗಾವಾಟ್. ರಾಜ್ಯದ ಎಷ್ಟೋ ಕಾರ್ಖಾನೆ, ಎಷ್ಟೋ ಮನೆ ಬೆಳಗಿದ್ದು ಅದರಿಂದ. ಅದು ಸುಳ್ಳಲ್ಲ. ಅದನ್ನು ಬಿಟ್ಟು ಬರೆದರೆ ಚಿಕ್ಕಜ್ಜನಿಗೆ ಅನ್ಯಾಯ ಮಾಡಿದ ಹಾಗೆ. ಅಜ್ಜ ಹೋಗಿ ಬಿಡಾರ ಹಾಕಿದ ಕಾಡಿನ ಊರಿಗೆ ಕರೆಂಟು ಬರಲು ಇಪ್ಪತ್ತು ವರ್ಷ ಹಿಡಿಯಿತು. ಅದನ್ನು ಬಿಟ್ಟರೆ ಅಜ್ಜನಿಗೆ ಅನ್ಯಾಯ. ಎರಡನ್ನೂ ಬೇರೆ ಬೇರೆ ಅಧ್ಯಾಯ ಮಾಡಿ ನೋಡಿದೆ, ಸರಿ ಬರಲಿಲ್ಲ. ಅಣ್ಣ ತಮ್ಮ ಒಂದೇ ಜಗಲಿಯಲ್ಲಿ ಕೂತು ಎಲೆ ಅಡಿಕೆ ಹಾಕುತ್ತಿದ್ದವರು. ಪುಸ್ತಕದಲ್ಲೂ ಒಂದೇ ಅಧ್ಯಾಯದಲ್ಲಿ ಕೂರಿಸಿದೆ.

ಕಾಗದ ಪತ್ರ ಹುಡುಕಿದ್ದು ಇನ್ನೊಂದು ಕೆಲಸ. ಒಂದು ಕಚೇರಿಯಲ್ಲಿ ಕಡತ ಇಲ್ಲ ಅಂದರು, ಇನ್ನೊಂದರಲ್ಲಿ ನಾಲ್ಕನೇ ಸಲ ಹೋದಾಗ ಕೈಬರಹದ ಪಹಣಿ ಸಿಕ್ಕಿತು. ನೋಡಿದರೆ ಅಜ್ಜನ ಹೆಸರೇ ಇಲ್ಲ. ಅವರು ಗೇಣಿದಾರರು, ಖಾತೆ ಒಡೆಯರದು. ಹಾಗಾಗಿ ಪರಿಹಾರವೂ ಒಡೆಯರಿಗೇ ಹೋಯಿತು. ನಮ್ಮ ಮನೆಯಲ್ಲಿ ಎಲ್ಲರಿಗೂ ಇದು ಗೊತ್ತಿತ್ತು, ಆದರೂ ಖಾಲಿ ಜಾಗವನ್ನು ಕಣ್ಣಾರೆ ನೋಡುವುದು ಬೇರೆ.

ಇಲ್ಲೇ ಇತಿಹಾಸ ಮನೆಯೊಳಗೆ ಬಂತು. 1951ರಲ್ಲಿ ನಮ್ಮ ತಾಲೂಕಿನ ಕಾಗೋಡಿನಲ್ಲಿ ನಮ್ಮ ಜನ ಗೇಣಿ ಅಳೆಯುವ ಕೊಳಗದ ವಿಚಾರಕ್ಕೆ ಒಡೆಯರ ಎದುರು ನಿಂತರು. ಸಮಾಜವಾದಿ ನಾಯಕ ರಾಮಮನೋಹರ ಲೋಹಿಯಾ ಬಂದು ಬಂಧನಕ್ಕೊಳಗಾದರು. ಹೋರಾಟ ದೊಡ್ಡದು. 1974ರಲ್ಲಿ ದೇವರಾಜ ಅರಸರ ಕಾಲದ ಭೂಸುಧಾರಣೆ ಕಾನೂನು ಬಂದು, ಉಳುವವನೇ ಒಡೆಯನಾದ. ಸಾಗರದ ಎಷ್ಟೋ ಗೇಣಿದಾರರು ಆಗ ಭೂಮಿ ಪಡೆದರು. ನಮ್ಮ ಅಜ್ಜ ಉಳುತ್ತಿದ್ದ ಗದ್ದೆ ಆಗಲೇ ಹತ್ತು ವರ್ಷದಿಂದ ನೀರಿನಡಿ ಇತ್ತು. 1964, 1974, ಈ ಎರಡು ಇಸವಿಗಳನ್ನು ಪಕ್ಕಪಕ್ಕ ಬರೆದ ದಿನ ನನಗೆ ನಿದ್ದೆ ಬರಲಿಲ್ಲ. ಆ ಪುಟದಲ್ಲಿ ಒಂದೂ ವಿಶೇಷಣ ಹಾಕಿಲ್ಲ. ಇಸವಿ, ಗದ್ದೆ, ನೀರು, ಅಷ್ಟೇ.

ಹಿರಿಯರ ಮಾತು ಒಂದಕ್ಕೊಂದು ತಾಳೆ ಆಗದಿದ್ದಾಗ ಏನು ಮಾಡಬೇಕು ಅಂತ ಹಲವರು ಕೇಳುತ್ತಾರೆ. ಊರು ಬಿಟ್ಟ ದಿನ ಸೋಮವಾರ ಅಂತ ಅಜ್ಜಿ, ಶುಕ್ರವಾರ ಅಂತ ದೊಡ್ಡತ್ತೆ. ನಾನು ಎರಡನ್ನೂ ಇಟ್ಟೆ, ಯಾರು ಯಾವುದನ್ನು ಹೇಳಿದರು ಅಂತಲೂ ಬರೆದೆ. ಕಾಗದದಲ್ಲಿ ಸಿಕ್ಕರೆ ಕಾಗದದ್ದು, ಸಿಗದಿದ್ದರೆ ಹೇಳಿದವರದು. ನನ್ನ ಊಹೆಗೆ ಮಾತ್ರ ಜಾಗ ಕೊಡಲಿಲ್ಲ.

ಕೊನೇ ಪುಟಕ್ಕೆ ಹಳೇ ಮನೆಯ ನಕ್ಷೆ ಬೇಕಿತ್ತು. ಒಂದು ಫೋಟೋ ಕೂಡ ಇಲ್ಲ. ಅಜ್ಜಿ ಹೇಳುತ್ತಾ ಹೋದಳು, ನಾನು ಪೆನ್ಸಿಲಿನಲ್ಲಿ ಗೆರೆ ಎಳೆಯುತ್ತಾ ಹೋದೆ. ಜಗಲಿ, ನಡುಮನೆ, ಅಡಿಗೆ ಮನೆ, ಕೊಟ್ಟಿಗೆ. ಎಲ್ಲ ಮುಗಿಯಿತು ಅಂದುಕೊಂಡೆ. ಅವಳು ಕನ್ನಡಕ ಸರಿ ಮಾಡಿಕೊಂಡು ಹಾಳೆ ಮೇಲೆ ಬೆರಳಿಟ್ಟಳು.

"ಹಿತ್ಲ ಬಾಗ್ಲು ಈ ಕಡೆ ಅಲ್ಲ ಕಣಾ. ಇಲ್ಲಿ. ಬಚ್ಚಲು ಇಲ್ಲಿತ್ತಲ್ಲ, ಅದ್ರ ಪಕ್ಕ."

ಅಳಿಸಿ ಮತ್ತೆ ಬರೆದೆ.