ಕನ್ನಡ ಅಕ್ಷರದಲ್ಲೇ ಇಂಗ್ಲಿಷ್ ಉಚ್ಚಾರಣೆ ಕಲಿಸಿದೆ

"ಕನ್ನಡದಲ್ಲಿ ಬರೆದುಕೊಟ್ಟರೆ ಮಕ್ಕಳ ಇಂಗ್ಲಿಷು ಕೆಟ್ಟುಹೋಗುತ್ತೆ ಮೇಷ್ಟ್ರೇ" ಅಂದವರೇ ಈಗ ನನ್ನ ನೋಟ್ಸು ಜೆರಾಕ್ಸ್ ಮಾಡಿಸಿಕೊಳ್ಳುತ್ತಿದ್ದಾರೆ. ಅದಕ್ಕೇ ಬರೆಯುತ್ತಿದ್ದೇನೆ.

ಮೊದಲು ದುಡ್ಡು ಹೋದ ಕಥೆ. ಡಿಕ್ಷನರಿಯಲ್ಲಿ ಉಚ್ಚಾರಣೆ ತೋರಿಸುವ ಐಪಿಎ ಚಿಹ್ನೆಗಳ ಫ್ಲೆಕ್ಸ್ ಮಾಡಿಸಿದೆ, ಹತ್ತಿರ ಹತ್ತಿರ 1,800 ರೂಪಾಯಿ. ನನ್ನ ಟ್ಯೂಷನ್ನಿನ ಎಸ್ಸೆಸ್ಸೆಲ್ಸಿ ಮಕ್ಕಳಿಗೆ ಮೂರು ತಿಂಗಳಾದರೂ ಅದು ತಲೆಗೆ ಹತ್ತಲಿಲ್ಲ. ಆಮೇಲೆ ಕನ್ನಡ ಲಿಪಿಯಲ್ಲಿ 400 ಇಂಗ್ಲಿಷ್ ಪದಗಳ ಪುಸ್ತಿಕೆ ಅಚ್ಚು ಹಾಕಿಸಿದೆ, 11 ಸಾವಿರದ ಮೇಲೇ ಆಯಿತು. ಅದೂ ಕೈಕೊಟ್ಟಿತು. ಕನ್ನಡದವರು ಎಲ್ಲ ಅಕ್ಷರವನ್ನೂ ಹೆಚ್ಚುಕಮ್ಮಿ ಒಂದೇ ತೂಕದಲ್ಲಿ ಓದುತ್ತೇವೆ; ದನಿ ಎತ್ತಿದರೂ ಮೊದಲ ಅಕ್ಷರಕ್ಕೇ. 'ಹೈಪರ್ಬಲಿ' (hyperbole, ಅತಿಶಯೋಕ್ತಿ) ಅಂತ ಸರಿಯಾಗೇ ಅಚ್ಚಾಗಿದ್ದರೂ ಹುಡುಗರು 'ಹೈ' ಮೇಲೆ ದನಿ ಎತ್ತಿದರು. ಒತ್ತು ಬೀಳಬೇಕಾದ್ದು 'ಪರ್' ಮೇಲೆ.

ಆಗ ಕೆಂಪು ಚಾಕ್‌ಪೀಸು ಹಿಡಿದೆ. ಒತ್ತು ಬೀಳುವ ಅಕ್ಷರ ಕೆಂಪಾಗಿ, ದಪ್ಪಗೆ. ನುಂಗುವ ಅಕ್ಷರ ಸಣ್ಣಗೆ. 'ಫೋಟೊಗ್ರಾಫ್'ನಲ್ಲಿ 'ಫೋ' ಕೆಂಪು, 'ಫಟಾಗ್ರಫರ್'ನಲ್ಲಿ 'ಟಾ', 'ಫೋಟೊಗ್ರ್ಯಾಫಿಕ್'ನಲ್ಲಿ 'ಗ್ರ್ಯಾ'. ಒಂದರ ಕೆಳಗೊಂದು ಬರೆದು, ಕೆಂಪು ಬಂದಾಗ ಬೆಂಚು ತಟ್ಟಿಸಿದೆ. ಅವತ್ತೇ ಹಿಂದಿನ ಬೆಂಚಿನವರ ಬಾಯಿಗೂ ಕೂತಿತು.

ವಿಚಿತ್ರ ಪದಗಳಿಗೆ ಸ್ಪೆಲ್ಲಿಂಗ್ ಮೊದಲು ತೋರಿಸುವುದೇ ಇಲ್ಲ. 'ಕರ್ನಲ್' (colonel, ಸೇನೆಯ ಅಧಿಕಾರಿ) ಬಾಯಿಗೆ ಬಂದ ಮೇಲೆ ಕಥೆ ಹೇಳುತ್ತೇನೆ: ಸ್ಪೆಲ್ಲಿಂಗಿನ 'ಎಲ್' ಇಟಲಿಯ 'ಕೊಲೊನೆಲ್ಲೊ'ದಿಂದ, ನಾಲಿಗೆಯ 'ರ್' ಹಳೆಯ ಫ್ರೆಂಚಿನ 'ಕೊರೊನೆಲ್'ನಿಂದ ಬಂದದ್ದು. ಆಮೇಲೆ ಯಾರೂ 'ಕೊಲೊನೆಲ್' ಅಂದಿಲ್ಲ.

ಅರ್ಥಕ್ಕೆ ಡಿಕ್ಷನರಿ ವಾಕ್ಯ ಬರೆಸುವುದಿಲ್ಲ. 'ಸಿಝಿಜಿ' (syzygy) ಅಂದರೆ ಸೂರ್ಯ, ಭೂಮಿ, ಚಂದ್ರ ಒಂದೇ ಸಾಲಿಗೆ ಬರುವುದು. ಅಮಾವಾಸ್ಯೆ, ಹುಣ್ಣಿಮೆ ಅಂದೆ, ಅಷ್ಟೇ ಸಾಕಾಯಿತು. 'ಪೆಟ್ರಿಕೋರ್' (petrichor), ಅಂದರೆ ಒಣ ನೆಲಕ್ಕೆ ಮಳೆ ಬಿದ್ದಾಗ ಏಳುವ ಘಮ, ಕಲಿಸಿದ ದಿನ ಒಣಗಿದ ಹೆಂಚಿನ ಚೂರುಗಳಿಗೆ ನೀರು ಚಿಮುಕಿಸಿ ಮೂಸಲು ಕೊಟ್ಟೆ. "ಸರ್, ಮೊದಲ ಮಳೆ!" ಅಂತ ಒಬ್ಬಳು ಕೂಗಿದಳು. ಆ ಪದ ಹುಟ್ಟಿದ್ದು 1964ರಲ್ಲಿ. ಆಸ್ಟ್ರೇಲಿಯಾದಲ್ಲಿ ಇಸಬೆಲ್ ಬೇರ್, ರಿಚರ್ಡ್ ಥಾಮಸ್ ಎಂಬ ವಿಜ್ಞಾನಿಗಳು ಗ್ರೀಕಿನ 'ಕಲ್ಲು' ಮತ್ತು 'ದೇವತೆಗಳ ರಕ್ತ' ಸೇರಿಸಿ ಕಟ್ಟಿದರು. ನಮ್ಮ ಉತ್ತರ ಪ್ರದೇಶದ ಕನೌಜಿನವರು ಅದಕ್ಕೂ ಮೊದಲೇ ಅದೇ ಘಮವನ್ನು ಮಿಟ್ಟಿ ಅತ್ತರ್ ಮಾಡಿ ಮಾರುತ್ತಿದ್ದರು. ಇದನ್ನು ಹೇಳುವಾಗ ನನಗೇ ಮೈ ಜುಮ್ಮೆನ್ನುತ್ತದೆ.

ಈ ಸಲ 30 ಮಕ್ಕಳಲ್ಲಿ 22-23 ಮಂದಿ ಕೆಂಪು ಗುರುತು ನೋಡಿ ಹೊಸ ಪದವನ್ನು ತಡವರಿಸದೆ ಓದುತ್ತಾರೆ. ಉಳಿದಿದ್ದ 300 ಚಿಲ್ಲರೆ ಪುಸ್ತಿಕೆಗಳೂ ದಂಡವಾಗಲಿಲ್ಲ. ಮಕ್ಕಳೇ ಕೆಂಪು ಪೆನ್ಸಿಲ್ ಹಿಡಿದು ಒತ್ತು ಗುರುತಿಸುತ್ತಿದ್ದಾರೆ; ಈಗ 'ಎಂ' ವರೆಗೆ ಬಂದಿದ್ದೇವೆ.