ಅಟ್ಲಾಂಟಾದ ಕಪ್ಪು ತಾಯಂದಿರ ಬಾಣಂತನ: ನನ್ನ ಅನುಭವ

ಅಮೆರಿಕದ ಜಾರ್ಜಿಯಾ ರಾಜ್ಯದ ಅಟ್ಲಾಂಟಾದಲ್ಲಿ ನಾನು ಡೌಲಾ. ಹೆರಿಗೆ ಮಾಡಿಸುವುದು ಡಾಕ್ಟರು, ಮಿಡ್‌ವೈಫ್‌ಗಳ ಕೆಲಸ. ನಾನು ಬಸುರಿಯ ಜೊತೆಗಿರುತ್ತೇನೆ, ಆಸ್ಪತ್ರೆಯಲ್ಲಿ ಅವಳ ಪರ ಮಾತಾಡುತ್ತೇನೆ, ಮನೆಗೆ ಬಂದ ಮೇಲೆ ಬಾಣಂತನ ನೋಡಿಕೊಳ್ಳುತ್ತೇನೆ. ನನ್ನನ್ನು ಕರೆಯುವವರಲ್ಲಿ ಹೆಚ್ಚಿನವರು ಆಫ್ರಿಕನ್ ಅಮೆರಿಕನ್ ಹೆಣ್ಣುಮಕ್ಕಳು. ತುಮಕೂರು ಕಡೆಯವಳಾದ ನಾನು ಪಾವಗಡದ ಸೂಲಗಿತ್ತಿ ನರಸಮ್ಮನವರ ಹೆಸರು ಕೇಳುತ್ತಲೇ ಬೆಳೆದೆ. ಅಂಥವರು ಜಾರ್ಜಿಯಾದಲ್ಲೂ ಇದ್ದರೆಂದು ಇಲ್ಲಿಗೆ ಬಂದ ಮೇಲೆ ತಿಳಿಯಿತು.

ಆಲ್ಬನಿ ಊರಿನ ಮೇರಿ ಕೋಲಿ ಮೂರು ಸಾವಿರಕ್ಕೂ ಹೆಚ್ಚು ಹೆರಿಗೆ ಮಾಡಿಸಿದ ಕಪ್ಪು ಸೂಲಗಿತ್ತಿ. ಹೆರಿಗೆಯಾದ ಮನೆಯಲ್ಲಿ ಅಡುಗೆ, ಬಟ್ಟೆಬರೆಯನ್ನೂ ಅವರೇ ನೋಡುತ್ತಿದ್ದರು. ತಾಯಿ-ಮಕ್ಕಳ ಆರೋಗ್ಯಕ್ಕೆಂದು ಬಂದ 1921ರ ಶೆಪರ್ಡ್-ಟೌನರ್ ಕಾಯ್ದೆಯ ನಂತರ ಸರ್ಕಾರ ಇಂಥವರಿಗೆ ತರಬೇತಿ ಕೊಡತೊಡಗಿತು. ನರ್ಸುಗಳು ಅವರ ಚೀಲ ಬಿಚ್ಚಿಸಿ ತಪಾಸಣೆ ಮಾಡುತ್ತಿದ್ದರು. ಶುಚಿತ್ವ ಕಲಿಸಿದ್ದು ಒಳ್ಳೆಯದೇ. ಆದರೆ ಬರಬರುತ್ತಾ ದಕ್ಷಿಣದ ರಾಜ್ಯಗಳು ಅವರನ್ನೇ ದೂರವಿಟ್ಟವು. ಅಲಬಾಮಾ ರಾಜ್ಯ 1976ರಲ್ಲಿ ಕಾನೂನು ಮಾಡಿ ಅವರ ಕೆಲಸವನ್ನೇ ನಿಲ್ಲಿಸಿತು. ಸೂಲಗಿತ್ತಿಯ ಜೊತೆಗೆ ಅವಳು ಮಾಡುತ್ತಿದ್ದ ಬಾಣಂತನವೂ ಹೋಯಿತು. ನನಗೆ ಸಂಕಟ ಅದಕ್ಕೇ.

2023ರಲ್ಲಿ ಅಮೆರಿಕದಲ್ಲಿ ಲಕ್ಷ ಹೆರಿಗೆಗೆ 50.3 ಕಪ್ಪು ತಾಯಂದಿರು ಸತ್ತರು, ಬಿಳಿಯರಲ್ಲಿ 14.5. ಬಸಿರು-ಬಾಣಂತನದ ಸಾವುಗಳಲ್ಲಿ ಅರ್ಧಕ್ಕಿಂತ ಹೆಚ್ಚು ಆಗುವುದು ಹೆರಿಗೆಯಾಗಿ ವಾರ ಕಳೆದ ಮೇಲೆ, ಎಂದರೆ ತಾಯಿ ಮನೆಯಲ್ಲಿರುವಾಗ. ಓದು, ಸಂಬಳ ಇದ್ದವರನ್ನೂ ಈ ಸಾವು ಬಿಡಲಿಲ್ಲ. ಇದೇ ಅಟ್ಲಾಂಟಾದಲ್ಲಿ, ಅಮೆರಿಕ ಸರ್ಕಾರದ ರೋಗ ನಿಯಂತ್ರಣ ಸಂಸ್ಥೆ ಸಿಡಿಸಿಯಲ್ಲೇ ವಿಜ್ಞಾನಿಯಾಗಿದ್ದ ಶಾಲನ್ ಅರ್ವಿಂಗ್ 2017ರಲ್ಲಿ ಹೆರಿಗೆಯಾದ ಮೂರು ವಾರಕ್ಕೆ ತೀರಿಕೊಂಡರು.

ಹಾಗಾಗಿ ನನ್ನ ಚೀಲದಲ್ಲಿ ಮೊದಲು ಇರುವುದು ಬಿಪಿ ಮಿಷನ್ನು. ತೋಳು ದಪ್ಪವಿದ್ದರೆ ದೊಡ್ಡ ಪಟ್ಟಿಯೇ ಬೇಕು, ಚಿಕ್ಕದು ಸುತ್ತಿದರೆ ಬಿಪಿ ಇರುವುದಕ್ಕಿಂತ ಹೆಚ್ಚು ತೋರಿಸುತ್ತದೆ. ಬೆನ್ನಿಗೆ ಆನಿಕೆ ಕೊಟ್ಟು, ಪಾದ ನೆಲಕ್ಕೆ ತಾಗಿಸಿ, ಐದು ನಿಮಿಷ ಸುಮ್ಮನೆ ಕೂರಿಸಿ ನೋಡುತ್ತೇನೆ. ಒಬ್ಬ ಬಾಣಂತಿ ಆಸ್ಪತ್ರೆಯಿಂದ ಬಂದ ಕೆಲವೇ ದಿನಕ್ಕೆ ತಲೆನೋವು ಎಂದಳು. ನಿದ್ದೆ ಸಾಲದು ಅಂತ ಎಲ್ಲರೂ ಅಂದಿದ್ದರು. ನೋಡಿದರೆ ಬಿಪಿ 164/112, ಅಪಾಯದ ಮಟ್ಟ. ಆಸ್ಪತ್ರೆಗೆ ಫೋನ್ ಮಾಡಿದರೆ ಆ ಕಡೆಯವರು ಮಾತ್ರೆ ತಗೊಂಡು ಮಲಗಲಿ ಎಂದರು. ನಾನು ಫೋನ್ ಇಟ್ಟು ಗಾಡಿ ತೆಗೆದೆ. ಎಮರ್ಜೆನ್ಸಿ ಬಾಗಿಲಲ್ಲಿ ಅವಳು ನಾನು ಹೇಳಿಕೊಟ್ಟ ಹಾಗೇ ಶುರು ಮಾಡಿದಳು: "ನನಗೆ ಈಗಷ್ಟೇ ಹೆರಿಗೆಯಾಗಿದೆ. ಬಿಪಿ 160 ದಾಟಿದೆ. ಕಣ್ಣು ಮಂಜಾಗ್ತಿದೆ." ಹೆರಿಗೆಯ ಮಾತು ಮೊದಲು ಬರಬೇಕು, ಇಲ್ಲದಿದ್ದರೆ ಬರೀ ತಲೆನೋವಿನ ಸಾಲಿನಲ್ಲಿ ಕೂರಿಸುತ್ತಾರೆ. ಫಿಟ್ಸ್ ಬಾರದಂತೆ ಮೆಗ್ನೀಷಿಯಂ ಹಾಕಿದರು, ಉಳಿದಳು.

ಹಳೆಯ ಪದ್ಧತಿಗಳನ್ನು ನಾನು ಕಲಿತದ್ದು ಮನೆಮನೆಯ ಅಜ್ಜಿಯರಿಂದ. ಇಲ್ಲಿ ಅವರನ್ನು 'ಬಿಗ್ ಮಾಮಾ' ಅಂತಾರೆ. ಒಂದು ತಿಂಗಳು ತಾಯಿ ಕೆಲಸ ಮುಟ್ಟಬಾರದು, ಹೊಟ್ಟೆಗೆ ಬಟ್ಟೆ ಕಟ್ಟಬೇಕು, ಬಿಸಿಯದ್ದೇ ಉಣ್ಣಬೇಕು. ನೋವು ಕತ್ತರಿಸಲಿ ಅಂತ ಹಾಸಿಗೆಯಡಿ ಚಾಕು ಇಡುವುದೂ ಇತ್ತು. ನಮ್ಮೂರ ಕಡೆಯ ಪದ್ಧತಿಗಳ ಮಾತು ನಾನಾಗಿ ಎತ್ತುವುದಿಲ್ಲ, ಅವರ ಮನೆಯಲ್ಲಿ ಅವರದ್ದೇ ನಡೆಯಬೇಕು. ಹೊಟ್ಟೆ ಕಟ್ಟುವುದಾದರೆ ಸೊಂಟದಿಂದ ಮೇಲಕ್ಕೆ, ಉಸಿರಿಗೆ ತೊಂದರೆಯಾಗದಂತೆ ಕಟ್ಟುತ್ತೇನೆ. ಸಿಸೇರಿಯನ್ ಆಗಿದ್ದರೆ ಡಾಕ್ಟರು ಹೂಂ ಅನ್ನುವ ತನಕ ಇಲ್ಲ. ಈಚೆಗೆ ಮಲಯದ ಬೆಂಗ್‌ಕುಂಗ್ ಕಟ್ಟನ್ನು ಆಫ್ರಿಕಾದ್ದೆಂದು ಹೇಳಿ ಮಾರುವವರಿದ್ದಾರೆ, ನನಗೆ ಅದು ಸರಿ ಕಾಣುವುದಿಲ್ಲ. ನೋವು ಬರಿಸಲು ಹರಳೆಣ್ಣೆ ಕೊಡುತ್ತಿದ್ದರಂತೆ. ಅದನ್ನು ನಾನು ಕೊಡುವುದಿಲ್ಲ, ಯಾಕೆಂದು ಅಜ್ಜಿಗೂ ಕೂತು ಹೇಳುತ್ತೇನೆ.

ಊಟಕ್ಕೆ ಎಲೆಕೋಸಿನ ಜಾತಿಯ ಕಾಲರ್ಡ್ ಸೊಪ್ಪು, ಗೆಣಸು, ಅಲಸಂದೆ. ಅಲಸಂದೆಯ ಮೂಲ ಆಫ್ರಿಕಾ. ಅಲ್ಲಿಂದ ನಮ್ಮ ಹೊಲಕ್ಕೂ ಬಂತು, ಇವರ ಪಾತ್ರೆಗೂ ಬಂತು. ಸೊಪ್ಪಿಗೆ ಹಾಕುವ ಹೊಗೆಯಾಡಿಸಿದ ಮಾಂಸದಲ್ಲಿ ಉಪ್ಪು ವಿಪರೀತ, ಬಿಪಿ ಇರುವವರಿಗೆ ಅದನ್ನು ಬಿಡಿಸಿ ಬೆಳ್ಳುಳ್ಳಿ, ವಿನೆಗರ್ ಹಾಕಿ ಬೇಯಿಸುತ್ತೇವೆ.

ತಿಂಗಳು ತುಂಬಿದಾಗ ತಾಯಿಯನ್ನು ಎಬ್ಬಿಸಿ ಮನೆ ಸುತ್ತ ನಡೆಸುವ ರೂಢಿ ಹಿಂದೆ ದಕ್ಷಿಣದಲ್ಲಿತ್ತು. ಬೇಕೆಂದವರ ಮನೆಯಲ್ಲಿ ಅದನ್ನು ಮತ್ತೆ ಶುರು ಮಾಡಿದ್ದೇವೆ. ಅವತ್ತೇ ಇನ್ನೊಮ್ಮೆ ಬಿಪಿ ನೋಡಿ, ಡಾಕ್ಟರ ಮುಂದಿನ ಭೇಟಿ ಗೊತ್ತುಮಾಡಿ, ಕಡಿಮೆ ಆದಾಯದವರಿಗೆ ಸರ್ಕಾರ ಕೊಡುವ ಆರೋಗ್ಯ ವಿಮೆ ಮೆಡಿಕೇಡ್‌ನ ಕಾಗದ ತೆಗೆಸುತ್ತೇನೆ. 2022ರ ಕೊನೆಯಿಂದ ಜಾರ್ಜಿಯಾದಲ್ಲಿ ಹೆರಿಗೆಯ ನಂತರ ಪೂರ್ತಿ ಒಂದು ವರ್ಷ ಮೆಡಿಕೇಡ್ ಸಿಗುತ್ತದೆ. ಎಷ್ಟೋ ತಾಯಂದಿರಿಗೆ ಇದು ಗೊತ್ತೇ ಇಲ್ಲ, ಎರಡೇ ತಿಂಗಳು ಅಂದುಕೊಂಡು ಆಸ್ಪತ್ರೆಗೆ ಹೋಗುವುದನ್ನೇ ಬಿಟ್ಟಿರುತ್ತಾರೆ.