ಹೊಲವೋ, ಗದ್ದೆಯೋ, ಕೆರೆಯೋ? ಉತಾರದ (ಪಹಣಿಯ) ತಕರಾರು ಬಗೆಹರಿಸಿಕೊಳ್ಳುವುದು ಹೇಗೆ

ಭತ್ತದ ಗದ್ದೆಯನ್ನು ಸೈಟು ಮಾಡಬಹುದಾ? ಕೆರೆ ಅಂಚಿನ ಹೊಲವನ್ನು ಜೌಗು ಪ್ರದೇಶ ಎಂದು ಬರೆದುಬಿಟ್ಟರೆ ಮುಂದೇನು? ಹಾನಗಲ್, ಶಿಗ್ಗಾವಿ, ಕಲಘಟಗಿ ಕಡೆ ಜಮೀನು ಇದ್ದವರನ್ನು ಕಾಡುವ ಪ್ರಶ್ನೆಗಳಿವು. ಇಂಥ ತಕರಾರಿನಲ್ಲಿ ನ್ಯಾಯ ತಮ್ಮ ಕಡೆ ಇದ್ದವರೂ ತಪ್ಪು ಕಚೇರಿಗೆ ಅಲೆದು ವರ್ಷಗಟ್ಟಲೆ ಕಳೆದುಕೊಳ್ಳುತ್ತಾರೆ. ಹಾಗಾಗಿ ಮೊದಲು ತಕರಾರು ಯಾವ ಜಾತಿಯದು ಎಂದು ಗೊತ್ತು ಮಾಡಿಕೊಳ್ಳಿ.

ಕೇರಳದ ಕಾಯ್ದೆ ನಮಗೆ ಅನ್ವಯಿಸದು

ಗದ್ದೆಗೆ ಮಣ್ಣು ತುಂಬಿಸುವುದನ್ನು ಸಾಮಾನ್ಯವಾಗಿ ನಿಷೇಧಿಸುವ ಕಾನೂನು ಇರುವುದು ಕೇರಳದಲ್ಲಿ. ಅಲ್ಲಿ 2008ರಲ್ಲಿ ಭತ್ತದ ಗದ್ದೆ ಮತ್ತು ಜೌಗು ಪ್ರದೇಶ ಸಂರಕ್ಷಣೆಗೆಂದೇ ಕಾಯ್ದೆ ಬಂತು. ಊರೂರಿನ ಗದ್ದೆಗಳ ಪಟ್ಟಿ ಮಾಡಿದರು. ಅದಕ್ಕೆ ಡೇಟಾ ಬ್ಯಾಂಕ್ ಎನ್ನುತ್ತಾರೆ. ಜಮೀನು ತಪ್ಪಾಗಿ ಪಟ್ಟಿಗೆ ಸೇರಿದ್ದರೆ ಫಾರಂ 5ರಲ್ಲಿ ಆರ್‌ಡಿಒಗೆ (ಕಂದಾಯ ವಿಭಾಗಾಧಿಕಾರಿಗೆ) ಅರ್ಜಿ ಹಾಕಬೇಕು. 2008ರ ಆಗಸ್ಟ್ 12ರಂದು, ಅಂದರೆ ಕಾಯ್ದೆ ಜಾರಿಯಾದ ದಿನ, ಆ ಜಾಗ ಭತ್ತ ಬೆಳೆಯುವಂತಿತ್ತಾ ಎಂಬುದರ ಮೇಲೆ ಅಲ್ಲಿ ತೀರ್ಮಾನ ನಿಲ್ಲುತ್ತದೆ. ಹಳೆಯ ಉಪಗ್ರಹ ಚಿತ್ರ ತರಿಸಿ ನೋಡುತ್ತಾರೆ.

ಕರ್ನಾಟಕದಲ್ಲಿ ಅಂಥ ಕಾಯ್ದೆ ಇಲ್ಲ. ಇಲ್ಲಿ ಗದ್ದೆಯೂ ಕೃಷಿ ಜಮೀನೇ. ಬೇರೆ ಉಪಯೋಗಕ್ಕೆ 1964ರ ಭೂಕಂದಾಯ ಕಾಯ್ದೆಯ 95ನೇ ಕಲಂ ಪ್ರಕಾರ ಎನ್.ಎ. (ಕೃಷಿಯೇತರ ಪರಿವರ್ತನೆ) ಮಾಡಿಸಬೇಕು. ಇನ್ನು ಕೇಂದ್ರದ 2017ರ ಜೌಗು ಪ್ರದೇಶ ನಿಯಮಗಳು ಭತ್ತದ ಗದ್ದೆಯನ್ನು ಸ್ಪಷ್ಟವಾಗಿಯೇ ಹೊರಗಿಟ್ಟಿವೆ. ನೀರಾವರಿಗೆಂದು, ಕುಡಿಯುವ ನೀರಿಗೆಂದು ಮನುಷ್ಯರು ಕಟ್ಟಿದ ಕೆರೆಗಳೂ ಆ ವ್ಯಾಖ್ಯೆಯಲ್ಲಿ ಬರುವುದಿಲ್ಲ. ಹಾಗಂತ ಕೆರೆ ಒತ್ತಬಹುದು ಎಂದು ತಿಳಿಯಬೇಡಿ. ಸರ್ಕಾರಿ ಕೆರೆಗೆ ಭೂಕಂದಾಯ ಕಾಯ್ದೆಯ 67ನೇ ಕಲಂ ಇದೆ, 2014ರ ಕೆರೆ ಸಂರಕ್ಷಣಾ ಕಾಯ್ದೆಯೂ ಇದೆ.

ಗದಗ ಜಿಲ್ಲೆ ಶಿರಹಟ್ಟಿ ತಾಲ್ಲೂಕಿನ ಮಾಗಡಿ ಕೆರೆಯ ಸಂಗತಿ ಬೇರೆ. ಪಟ್ಟೆತಲೆಯ ಹೆಬ್ಬಾತುಗಳು ಚಳಿಗಾಲ ಕಳೆಯುವ ಈ ಕೆರೆ 2024ರ ಜನವರಿಯಲ್ಲಿ ರಾಮ್ಸರ್ ಪಟ್ಟಿಗೆ, ಅಂದರೆ ಅಂತರರಾಷ್ಟ್ರೀಯ ಮಹತ್ವದ ಜೌಗು ಪ್ರದೇಶಗಳ ಪಟ್ಟಿಗೆ ಸೇರಿತು. ಅದು ವನ್ಯಜೀವಿ ಕಾಯ್ದೆಯಡಿ ಸಂರಕ್ಷಣಾ ಮೀಸಲು ಕೂಡ ಹೌದು. ಆ ಕಾಯ್ದೆ ಪ್ರಕಾರ ಸಂರಕ್ಷಣಾ ಮೀಸಲು ಘೋಷಿಸುವುದು ಸರ್ಕಾರಿ ಜಾಗದಲ್ಲಿ. ಅದರ ಪಕ್ಕದ ನಿಮ್ಮ ಪಟ್ಟಾ ಹೊಲ ತಾನಾಗಿಯೇ ಮೀಸಲಿನೊಳಗೆ ಸೇರದು. ಗಡಿಯ ಅನುಮಾನ ಇದ್ದರೆ ಅರಣ್ಯ ಇಲಾಖೆಯಿಂದ ಅಧಿಸೂಚನೆ, ನಕ್ಷೆ ಎರಡರ ಪ್ರತಿಯನ್ನೂ ಕೇಳಿ ಪಡೆಯಿರಿ.

ಕಾಗದ ಕೂಡಿಸಿ

ಉತಾರ ತೆಗೆಸಿ ಮೂರನೇ ಕಾಲಂ ನೋಡಿ. ಒಟ್ಟು ವಿಸ್ತೀರ್ಣದ ಕೆಳಗೆ ಖರಾಬು ‘ಅ’, ಖರಾಬು ‘ಬ’ ಎಂದಿರುತ್ತದೆ. ‘ಅ’ ಎಂದರೆ ಸಾಗುವಳಿಗೆ ಬಾರದ ಜಾಗ: ಕಣ, ಬಂಡೆ, ಅಂಥವು. ‘ಬ’ ಎಂದರೆ ದಾರಿ, ಹಳ್ಳ, ಕೆರೆಯಂಥ ಸಾರ್ವಜನಿಕ ಜಾಗ. ಇಡೀ ಜಗಳ ಎಷ್ಟೋ ಸಲ ಈ ‘ಬ’ ಖರಾಬಿನ ನಾಲ್ಕೈದು ಗುಂಟೆಯಲ್ಲೇ ಅಡಗಿರುತ್ತದೆ. ಆಮೇಲೆ 12ನೇ ಕಾಲಂನ ಬೆಳೆ ವಿವರ ನೋಡಿ.

ಕಂಪ್ಯೂಟರ್ ಉತಾರ ಒಂದೇ ಸಾಲದು. ತಹಶೀಲ್ದಾರ್ ಕಚೇರಿಯ ರೆಕಾರ್ಡ್ ರೂಮಿನಿಂದ ಕೈಬರಹದ ಹಳೆಯ ಉತಾರ ತೆಗೆಸಿ. ಭೂಮಾಪನ ಇಲಾಖೆಯಿಂದ ಆಕಾರಬಂದ್ (ಸರ್ವೆ ನಂಬರಿನ ವಿಸ್ತೀರ್ಣ, ಕಂದಾಯದ ದಾಖಲೆ), ಟಿಪ್ಪಣಿ (ಅಳತೆಯ ನಕ್ಷೆ), ಗ್ರಾಮ ನಕ್ಷೆ ತನ್ನಿ. ಈ ಮೂರೂ ಸರ್ವೆಯ ಮೂಲ ದಾಖಲೆಗಳು. ಉತಾರಕ್ಕೂ ಇವಕ್ಕೂ ಹೊಂದಾಣಿಕೆ ಆಗದಿದ್ದರೆ ತಪ್ಪು ಎಲ್ಲಿ, ಯಾವ ವರ್ಷ ನುಸುಳಿತು ಎಂಬುದು ಕಾಣುತ್ತದೆ. ನಿಮ್ಮ ಕೇಸಿನ ಜೀವ ಇರುವುದು ಇಲ್ಲೇ. ಮೊಬೈಲಿನಲ್ಲಿ ದಿಶಾಂಕ್ ಆ್ಯಪ್ ತೆರೆದರೆ ನಿಂತ ಜಾಗದ ಸರ್ವೆ ನಂಬರ್ ಸಿಗುತ್ತದೆ. ಅದು ಅಂದಾಜಿಗೆ ಸರಿ, ಸರ್ವೇಯರ್ ಅಳತೆಗೆ ಸಮ ಅಲ್ಲ.

ಎಲ್ಲಿಗೆ ಹೋಗಬೇಕು?

ಗಡಿ ತಕರಾರಾದರೆ ಹದ್ದುಬಸ್ತಿಗೆ (ಗಡಿ ಗುರುತಿಸಲು) ಅರ್ಜಿ ಹಾಕಿ ಅಳತೆ ಮಾಡಿಸಿ. ಅಕ್ಕಪಕ್ಕದ ಜಮೀನಿನವರಿಗೆ ನೋಟಿಸ್ ಹೋಗಿದೆಯಾ ಎಂದು ವಿಚಾರಿಸಿ, ಇಲ್ಲವಾದರೆ ನಾಳೆ ಅವರು ಅಳತೆಯನ್ನೇ ಪ್ರಶ್ನಿಸಬಹುದು.

ಹಕ್ಕು ಬದಲಾವಣೆಯಲ್ಲಿ ತಪ್ಪಾಗಿದ್ದರೆ ಭೂಕಂದಾಯ ಕಾಯ್ದೆಯ 136ನೇ ಕಲಂ ಪ್ರಕಾರ ಎ.ಸಿ. (ಉಪವಿಭಾಗಾಧಿಕಾರಿ) ಅವರಿಗೆ ಮೇಲ್ಮನವಿ. ಆದೇಶ ನಿಮಗೆ ತಲುಪಿದ ದಿನದಿಂದ ಅಥವಾ ನಮೂದು ಗೊತ್ತಾದ ದಿನದಿಂದ 60 ದಿನ ಅವಕಾಶ. ತಡವಾಗಿದ್ದರೆ ಯಾಕೆ ತಡವಾಯಿತು ಎಂದು ಬರೆದು, ವಿಳಂಬ ಮನ್ನಾ ಮಾಡಲು ಬೇರೆ ಅರ್ಜಿ ಕೊಡಿ. ಅಲ್ಲಿಯೂ ಸೋತರೆ ಜಿಲ್ಲಾಧಿಕಾರಿಗೆ ಪರಿಷ್ಕರಣೆ ಅರ್ಜಿ, ಬಳಿಕ ಹೈಕೋರ್ಟಿನ ಧಾರವಾಡ ಪೀಠ.

ಜಮೀನು ಸರ್ಕಾರದ್ದೋ ನಿಮ್ಮದೋ ಎಂಬ ಪ್ರಶ್ನೆಯೇ ಎದ್ದರೆ 67ನೇ ಕಲಂನಡಿ ವಿಚಾರಣೆ ಆಗುತ್ತದೆ. ಆ ವಿಚಾರಣೆಗೆ ತಪ್ಪದೆ ಹೋಗಿ ಮೂಲ ದಾಖಲೆ ಹಾಜರುಪಡಿಸಿ. ಉತಾರದಲ್ಲಿ ಹೆಸರಿದ್ದ ಮಾತ್ರಕ್ಕೆ ಮಾಲೀಕತ್ವ ಸಾಬೀತಾಗದು, ಅದು ಸುಳ್ಳೆಂದು ತೋರಿಸುವವರೆಗೆ ನಿಜ ಎಂಬ ಭಾವನೆಯಷ್ಟೇ. ಮಾಲೀಕತ್ವದ ಅಂತಿಮ ತೀರ್ಮಾನ ಸಿವಿಲ್ ಕೋರ್ಟಿನದು.

ಇನ್ನು ನಿಮ್ಮ ಜಾಗವನ್ನು ಜೌಗು ಪ್ರದೇಶ ಎಂದು ಗುರುತಿಸುವ ಕರಡು ಅಧಿಸೂಚನೆ ಹೊರಟಿದ್ದರೆ ಅದರಲ್ಲೇ ಆಕ್ಷೇಪಣೆಯ ಗಡುವು ಇರುತ್ತದೆ. ಆ ದಿನದೊಳಗೆ ಲಿಖಿತ ಆಕ್ಷೇಪಣೆ ಕೊಟ್ಟು, ಮೊಹರು ಹಾಕಿದ ಪ್ರತಿ ಪಡೆಯಿರಿ. ಮನೆ ಬಾಗಿಲಿಗೆ ಯಾರಾದರೂ ಬಂದು ಹೇಳುತ್ತಾರೆ ಎಂದು ಸುಮ್ನೆ ಕೂರಬೇಡಿ. ಪರಿಸರದ ತಕರಾರುಗಳಿಗೆ ಚೆನ್ನೈನ ಹಸಿರು ನ್ಯಾಯಮಂಡಳಿ ಇದೆ. ಅಲ್ಲಿ ಸಾಮಾನ್ಯವಾಗಿ ಆರು ತಿಂಗಳೊಳಗೆ ಹೋಗಬೇಕು.

ನಿಜವಾಗಿಯೂ ಅದು ಕೆರೆಯೇ ಆಗಿದ್ದರೆ?

ಹಳೆಯ ಗ್ರಾಮ ನಕ್ಷೆಯಲ್ಲಿ ಕೆರೆ ಎಂದೇ ಇದ್ದರೆ ಕೋರ್ಟಿಗೆ ಹೋಗಿ ದುಡ್ಡು ಕಳೆದುಕೊಳ್ಳಬೇಡಿ. ಅಜ್ಜನ ಕಾಲದಿಂದ ಸಾಗುವಳಿ ಮಾಡಿದ್ದೇವೆ ಎಂಬ ಮಾತು ಅಲ್ಲಿ ನಡೆಯದು. ಪಂಜಾಬಿನ ಊರೊಂದರ ಕೆರೆ ಒತ್ತುವರಿಯ ಜಗಪಾಲ್ ಸಿಂಗ್ ಪ್ರಕರಣದಲ್ಲಿ, 2011ರಲ್ಲಿ ಸುಪ್ರೀಂ ಕೋರ್ಟ್, ಬಹಳ ವರ್ಷ ಅನುಭವಿಸಿದ್ದಾಗಲಿ ಕಟ್ಟಡ ಕಟ್ಟಿದ್ದಾಗಲಿ ಒತ್ತುವರಿಗೆ ನೆಪವಾಗದು ಎಂದಿತು. ಅದು ಸರಿಯಾದ ತೀರ್ಪು ಎಂದೇ ನನ್ನ ನಂಬಿಕೆ. ಮಳೆ ಕಡಿಮೆ ಬೀಳುವ ಗದಗದಂಥ ಕಡೆ ಒಂದು ಕೆರೆ ಹೋದರೆ ಸುತ್ತಲಿನ ಬಾವಿ, ಬೋರುಗಳಿಗೂ ಪೆಟ್ಟು, ಅಲ್ವಾ?

ಅಂಥ ಜಾಗವನ್ನು ಹೊಸದಾಗಿ ಕೊಳ್ಳಲು ಹೊರಟವರು ಮುಂಗಡ ಕೊಡುವ ಮೊದಲೇ ಗ್ರಾಮ ನಕ್ಷೆ ತರಿಸಿ ನೋಡಿ. ಮಾರುವವರು ತೋರಿಸುವ ಉತಾರದ ಜೊತೆ ಆಕಾರಬಂದ್ ಕೂಡ ಕೇಳಿ. ಕೊಡಲು ಹಿಂದೇಟು ಹಾಕಿದರೆ ವ್ಯವಹಾರ ಅಲ್ಲಿಗೇ ಬಿಡಿ.